ಆ ಒಂದು ಸಾಲಿಗಾಗಿ ನಾಲ್ಕು ವಾಯಿದೆ

ಅವ್ವ ಮೊರದಲ್ಲಿ ಅಕ್ಕಿ ಆರಿಸುತ್ತಿದ್ದಳು. ಕೇಸು ವಾಪಸ್ ತೆಗೆದುಕೊಳ್ಳಬೇಕಂತೆ ಎಂದು ನಾನು ಹೇಳಿದ ಕೂಡಲೇ ಮೊರವನ್ನು ಕೆಳಗಿಟ್ಟಳು.

"ಎರಡು ವರ್ಷ ಮಡಿಕೇರಿಗೆ ಅಲೆದದ್ದು ಇದಕ್ಕಾ? ವಾಪಸ್ ತಗೊಂಡ್ರೆ ಸೋತ ಹಾಗೇ ಅಲ್ವಾ?"

ನನಗೂ ಆವತ್ತು ಹಾಗೇ ಅನ್ನಿಸಿತ್ತು. ಅವ್ವನಿಗೆ ಏನು ಹೇಳಬೇಕು ಅಂತ ಗೊತ್ತಾಗಲಿಲ್ಲ. ಈಗ ಗೊತ್ತು. ನಮ್ಮ ಹಾಗೆ ಜಾಗದ ತಕರಾರಿನಲ್ಲಿ ಸಿಕ್ಕಿಕೊಂಡವರು ಕೊಡಗಿನಲ್ಲಿ ತುಂಬಾ ಜನ ಇದ್ದಾರೆ. ಅವರಲ್ಲಿ ಒಬ್ಬರಿಗಾದರೂ ಉಪಯೋಗಕ್ಕೆ ಬರಲಿ ಅಂತ ನಡೆದದ್ದನ್ನು ನಡೆದ ಹಾಗೆ ಬರೆಯುತ್ತಿದ್ದೇನೆ.

ನಮ್ಮದು ಮಡಿಕೇರಿ ತಾಲ್ಲೂಕು. ಅಪ್ಪನ ಪಾಲಿಗೆ ಬಂದದ್ದು ಇಳಿಜಾರಿನ ಒಂದು ಚಿಕ್ಕ ಕಾಫಿ ತೋಟ. ಅರೇಬಿಕಾ ಗಿಡ, ಸಿಲ್ವರ್ ಮರ, ಮರಕ್ಕೆ ಹಬ್ಬಿದ ಕರಿಮೆಣಸು. ಪಾಲುಪಟ್ಟಿಯಲ್ಲಿ ಪಶ್ಚಿಮದ ಗಡಿಗೆ ಬರೆದಿದ್ದದ್ದು ಒಂದೇ ಮಾತು: "ತೋಡು". ಅಂದರೆ ನೀರು ಹರಿಯುವ ಸಣ್ಣ ಹಳ್ಳ. ಅಪ್ಪ ಇರುವವರೆಗೆ ಅದರ ಬಗ್ಗೆ ಯಾರಿಗೂ ಅನುಮಾನ ಇರಲಿಲ್ಲ. ತೋಡಿನ ಈಚೆ ನಮ್ಮದು, ಆಚೆ ಅವರದು. ದಡದಲ್ಲಿ ಒಂದು ಬಾಂದುಕಲ್ಲೂ ಇತ್ತು.

2018ರ ಆಗಸ್ಟ್ ಮಳೆ ಕೊಡಗಿನವರಿಗೆ ನೆನಪಿಸಬೇಕಾಗಿಲ್ಲ. ನಮ್ಮ ಕಡೆ ಮನೆ ಉಳಿಯಿತು, ಜೀವ ಉಳಿಯಿತು, ಅದೇ ದೊಡ್ಡದು. ಆದರೆ ತೋಟದ ಕೆಳಗಿನ ಬರೆ, ಅಂದರೆ ಕಡಿದಾದ ಇಳಿಜಾರು, ಕುಸಿದು ತೋಡಿಗೆ ಬಿತ್ತು. ನೀರು ಹೊಸ ದಾರಿ ಹುಡುಕಿಕೊಂಡು ನಮ್ಮ ತೋಟದೊಳಗೆ ಸುಮಾರು ಹತ್ತು ಮಾರು ಈಚೆ ಹರಿಯತೊಡಗಿತು. ಬಾಂದುಕಲ್ಲು ಮಣ್ಣಿನಡಿ ಹೋಯಿತು. ಹಳೆ ತೋಡಿಗೂ ಹೊಸ ತೋಡಿಗೂ ನಡುವೆ ಹದಿನೆಂಟು ಸೆಂಟು ಜಾಗ ನಡುಗಡ್ಡೆಯ ಹಾಗೆ ಉಳಿಯಿತು. ಅದರಲ್ಲಿ ನಮ್ಮ ಗಿಡಗಳು ಇನ್ನೂ ಬದುಕಿದ್ದವು.

2020ರ ಶುರುವಿನಲ್ಲಿ ಪಕ್ಕದ ತೋಟದವರು ಹೊಸ ತೋಡಿನ ಉದ್ದಕ್ಕೂ ತಂತಿಬೇಲಿ ಹಾಕಿದರು. ದಾಖಲೆಯಲ್ಲಿ ಗಡಿ ತೋಡು ಅಂತಿದೆ, ತೋಡು ಇಲ್ಲಿದೆ ಎಂದರು. ಮಾತಾಡಿ ನೋಡಿದೆವು. ಊರಿನ ಹಿರಿಯರನ್ನು ಕೂರಿಸಿ ನೋಡಿದೆವು. ಆಗಲಿಲ್ಲ. 2021ರಲ್ಲಿ ಅವ್ವ, ನಾನು, ಬೆಂಗಳೂರಿನಲ್ಲಿರುವ ತಮ್ಮ, ಮೂವರೂ ವಾದಿಗಳಾಗಿ ದಾವೆ ಹಾಕಿದೆವು.

ತಪ್ಪಾದದ್ದು ಅಲ್ಲೇ. ಆ ದಾವೆ ಬರೀ ನಿರ್ಬಂಧಕಾಜ್ಞೆಗೆ. ಅಂದರೆ "ನಮ್ಮ ಸ್ವಾಧೀನಕ್ಕೆ ಅಡ್ಡಿ ಮಾಡಬೇಡಿ ಎಂದು ಆದೇಶಿಸಿ" ಅನ್ನುವುದು. ಇಂಥ ದಾವೆಗೆ ಆಗ ಕರ್ನಾಟಕದಲ್ಲಿ ಸಾಮಾನ್ಯವಾಗಿ ಕಟ್ಟುತ್ತಿದ್ದ ಕೋರ್ಟ್ ಶುಲ್ಕ 25 ರೂಪಾಯಿ. ಬೇಗ ಹಾಕಬಹುದು, ಖರ್ಚು ಕಡಿಮೆ, ತಾತ್ಕಾಲಿಕ ತಡೆಯಾಜ್ಞೆಯೂ ಬೇಗ ಸಿಗಬಹುದು. ನಮಗೂ ಸಿಕ್ಕಿತು: ಆ ಜಾಗದಲ್ಲಿ ಮರ ಕಡಿಯಬಾರದು, ಹೊಸದಾಗಿ ಏನೂ ಕಟ್ಟಬಾರದು. ಅಷ್ಟಕ್ಕೇ ಖುಷಿಯಾಗಿ ನಾವು ಸುಮ್ಮನಾದೆವು. ಬೇಲಿ ಆಗಲೇ ಬಿದ್ದಾಗಿದೆ, ಸ್ವಾಧೀನ ನಮ್ಮ ಕೈಯಲ್ಲಿ ಎಲ್ಲಿದೆ ಅನ್ನುವ ಪ್ರಶ್ನೆಯನ್ನು ನಮ್ಮ ವಕೀಲರೂ ಕೇಳಲಿಲ್ಲ, ನಾವೂ ಕೇಳಿಕೊಳ್ಳಲಿಲ್ಲ.

ಎದುರಿನವರು ಲಿಖಿತ ಹೇಳಿಕೆಯಲ್ಲಿ ಜಾಗವೇ ತಮ್ಮದು ಎಂದುಬಿಟ್ಟರು. ಆಮೇಲೆ ನಾವು ಹದ್ದುಬಸ್ತಿಗೆ, ಅಂದರೆ ಗಡಿ ಅಳೆದು ಗುರುತಿಸಿಕೊಡಿ ಎಂದು, ಅರ್ಜಿ ಹಾಕಿದೆವು. ಸರ್ವೇಯರ್ ಅಕ್ಕಪಕ್ಕದವರಿಗೆಲ್ಲ ನೋಟಿಸ್ ಕೊಟ್ಟು, ಹಳೆಯ ಟಿಪ್ಪಣಿ ಹಿಡಿದುಕೊಂಡು ಬಂದರು. ಬೆಳಿಗ್ಗೆಯಿಂದ ಸಂಜೆವರೆಗೆ ಅಳತೆ ನಡೆಯಿತು. ಹೂತುಹೋಗಿದ್ದ ಬಾಂದುಕಲ್ಲು ಎರಡಡಿ ಮಣ್ಣಿನ ಕೆಳಗೆ ಸಿಕ್ಕಿತು. ಕೆಲಸದವರು ಅದರ ಮೇಲಿನ ಕೆಸರನ್ನು ಕೈಯಲ್ಲೇ ಒರೆಸಿದಾಗ ನನ್ನ ಕಣ್ಣಲ್ಲಿ ನೀರು ಬಂತು. ಅದು ಇದ್ದದ್ದು ಹಳೆಯ ತೋಡಿನ ದಡದಲ್ಲೇ.

ಆ ಸಂತೋಷ ಉಳಿದದ್ದು ನಕ್ಷೆ ಕೈಗೆ ಬರುವವರೆಗೆ ಮಾತ್ರ. ನಮ್ಮ ಹಳೆಯ ಸರ್ವೆ ನಂಬರ್ ಅಪ್ಪನ ಕಾಲದಲ್ಲೇ ಪೋಡಿಯಾಗಿ, ಅಂದರೆ ಅಳತೆಯಲ್ಲಿ ಭಾಗವಾಗಿ, ಮೂರು ಹಿಸ್ಸಾ ಆಗಿತ್ತು. ಈ ಹದಿನೆಂಟು ಸೆಂಟು ಬರುವುದು ಎರಡನೇ ಹಿಸ್ಸಾದಲ್ಲಿ. ನಮ್ಮ ದಾವೆಯಲ್ಲಿ ಜಾಗದ ವಿವರ ಕೊಡುವ ಷೆಡ್ಯೂಲಿನಲ್ಲಿ ಬರೆದದ್ದು ಒಂದನೇ ಹಿಸ್ಸಾ. ನಾಲ್ಕು ದಿಕ್ಕಿನ ಗಡಿ ಹೇಳುವ ಚೆಕ್ಕುಬಂದಿಯಲ್ಲಿ "ಪಶ್ಚಿಮಕ್ಕೆ ತೋಡು" ಎಂದಿತ್ತು. ಯಾವ ತೋಡು, ಹಳೆಯದೋ ಹೊಸದೋ, ಒಂದಕ್ಷರ ಇಲ್ಲ.

ವಕೀಲರು ನಕ್ಷೆಯನ್ನು ಮೇಜಿನ ಮೇಲೆ ಹರಡಿ ತುಂಬಾ ಹೊತ್ತು ನೋಡಿದರು. ಆಮೇಲೆ ನೇರವಾಗಿಯೇ ಹೇಳಿದರು. "ನೋಡಿಯಮ್ಮ, ಈ ದಾವೆ ನಿಲ್ಲೋದಿಲ್ಲ. ಜಾಗ ನಿಮ್ಮದೇ. ಆದ್ರೆ ನಾವು ಕೇಳಿದ್ದು ಬೇರೆ ಜಾಗ, ಕೇಳಬೇಕಾದ್ದನ್ನು ಕೇಳಲೂ ಇಲ್ಲ. ತಪ್ಪು ನನ್ನದೂ ಇದೆ."

ಹಾಗೆ ಒಪ್ಪಿಕೊಂಡದ್ದಕ್ಕೆ ಅವರ ಮೇಲೆ ನನಗೆ ಗೌರವ ಜಾಸ್ತಿಯಾಯಿತು. ಅವರು ವಿವರಿಸಿದ್ದನ್ನು ನನ್ನ ಮಾತಿನಲ್ಲಿ ಹೇಳುತ್ತೇನೆ. ಹಕ್ಕಿನ ಬಗ್ಗೆಯೇ ತಕರಾರು ಎದ್ದಿದ್ದು, ಸ್ವಾಧೀನವೂ ಕೈತಪ್ಪಿದ್ದರೆ ಬರೀ ನಿರ್ಬಂಧಕಾಜ್ಞೆ ಕೇಳಿದರೆ ಸಾಲದು. ಹಕ್ಕು ಘೋಷಣೆ ಮತ್ತು ಸ್ವಾಧೀನ ಎರಡನ್ನೂ ಕೇಳಬೇಕು. 2008ರಲ್ಲಿ ಸುಪ್ರೀಂ ಕೋರ್ಟ್ ಅನಾಥುಲ ಸುಧಾಕರ್ ಪ್ರಕರಣದಲ್ಲಿ ಇದನ್ನು ಬಿಡಿಸಿ ಹೇಳಿದೆ. ಈಗಿನ ದಾವೆಯನ್ನೇ ಕೊನೆವರೆಗೆ ಎಳೆದು ಅದು ವಜಾ ಆದರೆ, ಆ ತೀರ್ಪೇ ಮುಂದೆ ನಮ್ಮ ಕುತ್ತಿಗೆಗೆ ಬರಬಹುದು.

ತಿದ್ದುಪಡಿ ಮಾಡಬಹುದಲ್ವಾ ಅಂತ ಕೇಳಿದೆ. ಮಾಡಬಹುದು, ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 6 ನಿಯಮ 17ರಲ್ಲಿ ಅದಕ್ಕೆ ದಾರಿ ಇದೆ. ಆದರೆ ಸರ್ವೆ ನಂಬರ್ ಬದಲಿಸಬೇಕು, ಚೆಕ್ಕುಬಂದಿ ಬದಲಿಸಬೇಕು, ಪರಿಹಾರ ಬದಲಿಸಬೇಕು, ಎದುರಿನವರ ಕುಟುಂಬದ ಇನ್ನೊಬ್ಬರನ್ನೂ ಪ್ರತಿವಾದಿಯಾಗಿ ಸೇರಿಸಬೇಕು. "ಇಷ್ಟೆಲ್ಲ ತಿದ್ದಿದ ಮೇಲೆ ಹಳೆಯದರಲ್ಲಿ ಉಳಿಯೋದು ನಿಮ್ಮ ಹೆಸರು ಮಾತ್ರ" ಎಂದರು. ಸಾಕ್ಷಿ ಇನ್ನೂ ಶುರುವಾಗಿರಲಿಲ್ಲ. ವಾಪಸ್ ತೆಗೆದುಕೊಂಡು ಸರಿಯಾದ ದಾವೆ ಹಾಕುವುದಾದರೆ ಈಗಲೇ ಹಾಕಬೇಕು, ತಡ ಮಾಡಿದಷ್ಟೂ ಅನುಮತಿ ಸಿಗುವುದು ಕಷ್ಟ ಎಂದರು.

ಮುಂದಿನ ವಾರ ಸಹಿ ಹಾಕಲು ಅವರ ಆಫೀಸಿಗೆ ಹೋದೆ. ವಕೀಲರು ಕೋರ್ಟಿನಲ್ಲಿದ್ದರು. ಜೂನಿಯರ್ ಹುಡುಗ ಒಂದು ಹಾಳೆ ಕೊಟ್ಟ. ಮೇಲೆ "ಮೆಮೊ" ಅಂತ ಇತ್ತು. ಕೆಳಗೆ ಎರಡೇ ಸಾಲು: "ವಾದಿಯರು ಸದರಿ ದಾವೆಯನ್ನು ಮುಂದುವರಿಸಲು ಇಚ್ಛಿಸುವುದಿಲ್ಲ. ಆದ್ದರಿಂದ ದಾವೆಯನ್ನು ವಾಪಸ್ ಪಡೆಯಲಾಗಿದೆ ಎಂದು ವಜಾ ಮಾಡಬೇಕಾಗಿ ಪ್ರಾರ್ಥನೆ." ಅದರ ಕೆಳಗೆ ಮೂರು ಸಹಿಗೆ ಮೂರು ಗೆರೆ.

ನಾನು ಪೆನ್ನು ಹಿಡಿದದ್ದು ನಿಜ. ಆದರೆ ಎರಡು ಸಲ ಓದಿದೆ. "ಮತ್ತೆ" ಅನ್ನುವ ಪದ ಎಲ್ಲೂ ಕಾಣಲಿಲ್ಲ. ಸಾರ್ ಬರಲಿ ಎಂದು ಹೊರಗಿನ ಬೆಂಚಿನಲ್ಲಿ ಕೂತೆ. ಮಧ್ಯಾಹ್ನ ಅವರು ಬಂದು ಆ ಹಾಳೆ ನೋಡಿ, ಏನೂ ಹೇಳದೆ ನಾಲ್ಕು ಮಡಿಕೆ ಮಾಡಿ ಡ್ರಾಯರಿಗೆ ಹಾಕಿದರು. ಆಮೇಲೆ ಆ ಹುಡುಗನನ್ನೂ ನನ್ನನ್ನೂ ಎದುರಿಗೆ ಕೂರಿಸಿಕೊಂಡು ಸಿವಿಲ್ ಪ್ರಕ್ರಿಯಾ ಸಂಹಿತೆ ತೆರೆದರು.

ಆದೇಶ 23, ನಿಯಮ 1. ಇದನ್ನು ಯಾರೂ ಓದದೆ ಸಹಿ ಹಾಕಬಾರದು ಅನ್ನುವುದು ನನ್ನ ಕಳಕಳಿಯ ಮಾತು. ದಾವೆ ಹಾಕಿದವರು ಯಾವಾಗ ಬೇಕಾದರೂ ಅದನ್ನು ಬಿಟ್ಟುಬಿಡಬಹುದು, ಅದಕ್ಕೆ ಎದುರಿನವರ ಒಪ್ಪಿಗೆ ಬೇಡ. ಆದರೆ ಸುಮ್ನೆ ಬಿಟ್ಟರೆ, 4ನೇ ಉಪನಿಯಮದ ಪ್ರಕಾರ, ಅದೇ ವಿಷಯಕ್ಕೆ ಮತ್ತೆ ದಾವೆ ಹಾಕುವ ಹಾಗಿಲ್ಲ. ಎದುರಿನವರ ಖರ್ಚನ್ನೂ ಕೊಡಬೇಕಾಗಬಹುದು. ಮತ್ತೆ ಹಾಕುವ ಹಕ್ಕು ಉಳಿಯಬೇಕಾದರೆ 3ನೇ ಉಪನಿಯಮದಡಿ ಕೋರ್ಟಿನ ಅನುಮತಿ ಬೇಕು. ಅನುಮತಿಗೆ ಎರಡು ದಾರಿ. ಒಂದು, ಯಾವುದೋ ಔಪಚಾರಿಕ ದೋಷದಿಂದ, ಅಂದರೆ ದಾವೆ ಹಾಕಿದ ರೀತಿಯಲ್ಲಾದ ತಪ್ಪಿನಿಂದ, ದಾವೆ ಬಿದ್ದೇ ಹೋಗುತ್ತದೆ ಎಂದು ನ್ಯಾಯಾಧೀಶರಿಗೆ ಮನವರಿಕೆಯಾಗಬೇಕು. ಇಲ್ಲವೇ ಹೊಸ ದಾವೆಗೆ ಬಿಡಲು ಸಾಕಷ್ಟು ಕಾರಣ ಇದೆ ಅನ್ನಿಸಬೇಕು.

ಅವತ್ತು ಸಹಿ ಹಾಕಿದ್ದರೆ ಹದಿನೆಂಟು ಸೆಂಟು ಅಲ್ಲಿಗೇ ಮುಗಿಯುತ್ತಿತ್ತು. ಆ ಹುಡುಗನಿಗೆ ಕೆಟ್ಟ ಉದ್ದೇಶ ಏನೂ ಇರಲಿಲ್ಲ. ರಾಜಿಯಾದ ಕೇಸುಗಳಿಗೆ ಅಂಥ ಮೆಮೊ ಹಾಕಿ ಹಾಕಿ ಅವನಿಗೆ ಅದೇ ಅಭ್ಯಾಸ. ರಾಜಿಯಾದವರಿಗೆ ಅದು ಸಾಕು. ನಮಗೆ ಸಾಲದು.

ಹಾಗಾಗಿ ಮೆಮೊ ಬದಲು ಐ.ಎ. ಅಂದರೆ ಮಧ್ಯಂತರ ಅರ್ಜಿ, ಅದರ ಜೊತೆಗೆ ಪ್ರಮಾಣಪತ್ರ. ಪ್ರಮಾಣಪತ್ರವನ್ನು ನನ್ನ ಹೆಸರಲ್ಲಿ ಬರೆದರು. ದೋಷ ಏನು, ಅದು ಯಾವಾಗ ಗೊತ್ತಾಯಿತು, ಹೇಗೆ ಗೊತ್ತಾಯಿತು, ಎಲ್ಲವನ್ನೂ ತಾರೀಖಿನ ಸಮೇತ ಹೇಳಬೇಕಿತ್ತು. "ಕೆಲವು ತಾಂತ್ರಿಕ ಕಾರಣಗಳಿಂದ" ಅಂತ ತೇಲಿಸಿ ಬರೆದರೆ ನಡೆಯುವುದಿಲ್ಲ ಎಂದರು. ಹದ್ದುಬಸ್ತಿನ ನಕ್ಷೆ, ಪೋಡಿಯ ದಾಖಲೆ, ಪಹಣಿ ಲಗತ್ತಿಸಿದೆವು. ಪ್ರಾರ್ಥನೆಯ ಕೊನೆಗೆ ಇನ್ನೊಂದು ಮಾತನ್ನೂ ಸೇರಿಸಿದರು: ಹೊಸ ದಾವೆಯ ಅನುಮತಿ ಕೊಡಲು ಬಾರದಿದ್ದರೆ ಈ ದಾವೆಯನ್ನು ವಜಾ ಮಾಡದೆ ಇದ್ದ ಹಾಗೇ ಮುಂದುವರಿಸಬೇಕು. ವಾಪಸ್ ಪಡೆದದ್ದು ಮಾತ್ರ ದಾಖಲಾಗಿ ಹಕ್ಕು ಬಿಟ್ಟುಹೋಗುವ ಅಪಾಯ ಇರಬಾರದು ಅಂತ.

ಮೂವರ ಸಹಿಯೂ ಬೇಕಿತ್ತು. ವಾದಿಗಳು ಒಬ್ಬರಿಗಿಂತ ಜಾಸ್ತಿ ಇದ್ದರೆ, ಉಳಿದವರ ಒಪ್ಪಿಗೆ ಇಲ್ಲದೆ ಒಬ್ಬರಿಗೆ ಮಾತ್ರ ಅನುಮತಿ ಕೊಡಲು ಬರುವುದಿಲ್ಲ. ತಮ್ಮ ಶನಿವಾರ ರಾತ್ರಿ ಬಸ್ಸಿಗೆ ಬಂದ. ಉಳಿದದ್ದು ಅವ್ವ.

ಅವಳಿಗೆ ಕಾನೂನು ಹೇಳಿ ಪ್ರಯೋಜನ ಇರಲಿಲ್ಲ. ತಮ್ಮ ಹೇಳಿದ ರೀತಿ ಸರಿಯಾಗಿತ್ತು. "ಅವ್ವಾ, ನಾಟಿಗೆ ಅಂತ ಹಾಕಿದ ಅಗೆ ಕೊಳೆತಿದೆ ಅಂತ ಗೊತ್ತಾದ್ರೆ ಏನ್ ಮಾಡ್ತಿದ್ದೆ?"

"ಕಿತ್ತು ಹಾಕಿ ಬೇರೆ ಬಿತ್ತೋದು. ಮಳೆ ಇರೋವಾಗ್ಲೇ."

"ಇದೂ ಅದೇ. ಗದ್ದೆ ಬಿಡ್ತಾ ಇಲ್ಲ ನಾವು."

ಅವಳು ಕನ್ನಡಕ ಹಾಕಿಕೊಂಡು, ನಿಧಾನಕ್ಕೆ, ಒಂದೊಂದೇ ಅಕ್ಷರ ಬಿಡಿಸಿ ಸಹಿ ಮಾಡಿದಳು.

2023ರ ಜೂನ್‌ನಲ್ಲಿ ಐ.ಎ. ಹಾಕಿದೆವು. ಮೊದಲ ವಾಯಿದೆಯಲ್ಲಿ ಎದುರಿನ ವಕೀಲರಿಗೆ ಪ್ರತಿ ಕೊಟ್ಟದ್ದಷ್ಟೇ. ಎರಡನೆಯದರಲ್ಲಿ ಅವರು ಆಕ್ಷೇಪಣೆ ಸಲ್ಲಿಸಿದರು. ಮೂರನೆಯದರಲ್ಲಿ ವಾದ ನಡೆಯಿತು. ಹೊರಗೆ ಜಡಿಮಳೆ. ಕೊಡೆಗಳಿಂದ ಸೋರಿದ ನೀರು ಕೋರ್ಟ್ ಹಾಲಿನ ಬಾಗಿಲ ತನಕ ಹರಿದಿತ್ತು. ನಾನು ಹಿಂದಿನ ಬೆಂಚಿನಲ್ಲಿ ಕೂತು ಒಂದು ಮಾತೂ ತಪ್ಪಿಸಿಕೊಳ್ಳದ ಹಾಗೆ ಕೇಳಿದೆ.

ಎದುರಿನ ವಕೀಲರ ವಾದ ಬಲವಾಗಿಯೇ ಇತ್ತು. ಇದು ಔಪಚಾರಿಕ ದೋಷವೇ ಅಲ್ಲ, ಕೇಸಿನ ಬುಡವೇ ಸರಿಯಿಲ್ಲ, ಅದನ್ನು ಮುಚ್ಚಿಕೊಳ್ಳಲು ಹೊಸ ಅವಕಾಶ ಕೇಳುತ್ತಿದ್ದಾರೆ ಎಂದರು. ಇಂಥ ಅನುಮತಿಯನ್ನು ಯೋಚಿಸದೆ ಕೊಡಬಾರದು ಎಂದು 2000ದಲ್ಲಿ ಸುಪ್ರೀಂ ಕೋರ್ಟ್ ಭೂಪತಿ ಪ್ರಕರಣದಲ್ಲಿ ಹೇಳಿದ್ದನ್ನು ಓದಿದರು. ಎರಡು ವರ್ಷ ತಮ್ಮ ಕಕ್ಷಿದಾರರು ಅಲೆದದ್ದಕ್ಕೆ ಯಾರು ಹೊಣೆ ಎಂದೂ ಕೇಳಿದರು. ಅವರು ಅಲೆದದ್ದೂ ಸುಳ್ಳಲ್ಲ.

ನಮ್ಮ ವಕೀಲರು 2017ರ ರಾಜೇಂದ್ರನ್ ತೀರ್ಪು ಇಟ್ಟರು. ದಾವೆಯ ಸ್ವತ್ತು ಯಾವುದು ಎಂದು ಗುರುತಿಸುವುದರಲ್ಲೇ ಗೊಂದಲ ಇರುವುದನ್ನು ಸುಪ್ರೀಂ ಕೋರ್ಟ್ ಅದರಲ್ಲಿ ಔಪಚಾರಿಕ ದೋಷಗಳ ಸಾಲಿಗೆ ಸೇರಿಸಿದೆ. ಆಮೇಲೆ ನಕ್ಷೆಯನ್ನು ಮುಂದಿಟ್ಟರು. ನ್ಯಾಯಾಧೀಶರು ಅದನ್ನು ತಿರುಗಿಸಿ ನೋಡಿ ಒಂದೇ ಪ್ರಶ್ನೆ ಕೇಳಿದರು: ಈಗಿನ ಷೆಡ್ಯೂಲಿನ ಮೇಲೆ ಡಿಕ್ರಿ ಕೊಟ್ಟರೆ ಅದನ್ನು ಯಾವ ಜಾಗದಲ್ಲಿ ಜಾರಿ ಮಾಡುವುದು? ಎದುರಿನ ವಕೀಲರ ಹತ್ತಿರ ಅದಕ್ಕೆ ಉತ್ತರ ಇರಲಿಲ್ಲ. ನಮ್ಮವರ ಹತ್ತಿರವೂ ಇರಲಿಲ್ಲ. ಉತ್ತರ ಇಲ್ಲದಿರುವುದೇ ನಮ್ಮ ಅರ್ಜಿಗೆ ಕಾರಣ.

ನಾಲ್ಕನೇ ವಾಯಿದೆಗೆ ಆದೇಶ. ಆಗ ಕಕ್ಕಡ, ಕೊಡಗಿನ ಜಡಿಮಳೆಯ ತಿಂಗಳು. ನಾನು ಹೊರಡುವಾಗ ಮನೆಯಲ್ಲಿ ಆ ತಿಂಗಳಲ್ಲಿ ತಿನ್ನುವ ಮದ್ದುಸೊಪ್ಪು ಕುದಿಯುತ್ತಿತ್ತು, ಪಾತ್ರೆಯಲ್ಲಿ ಆ ನೇರಳೆ ಬಣ್ಣ. ಕೋರ್ಟಿನಲ್ಲಿ ಎರಡು ನಿಮಿಷದಲ್ಲಿ ಮುಗಿಯಿತು. ಐ.ಎ. ಮಂಜೂರು. ಎದುರಿನವರಿಗೆ ಮೂರು ಸಾವಿರ ರೂಪಾಯಿ ಖರ್ಚು ಕೊಡಬೇಕು, ಹೊಸ ದಾವೆ ಹಾಕುವ ಮೊದಲೇ ಕೊಟ್ಟಿರಬೇಕು. ನಾವು ಅಲ್ಲೇ ಕೊಟ್ಟೆವು. ಅವರ ವಕೀಲರಿಂದ ಬರೆಸಿಕೊಂಡು, ಅದು ಕಡತಕ್ಕೆ ಸೇರುವ ಹಾಗೆ ನೋಡಿಕೊಂಡೆವು.

ಅವತ್ತೇ ನಕಲು ಅರ್ಜಿ ಹಾಕಿದೆ. ದೃಢೀಕೃತ ಪ್ರತಿ ಬಂದಾಗ ಮೊದಲು ಹುಡುಕಿದ್ದು ಕೊನೆಯ ಪ್ಯಾರಾ. "ಅದೇ ವಿಷಯದ ಬಗ್ಗೆ ಹೊಸದಾಗಿ ದಾವೆ ಹೂಡುವ ಸ್ವಾತಂತ್ರ್ಯದೊಂದಿಗೆ" ಅನ್ನುವ ಆ ಸಾಲು ಅಲ್ಲಿತ್ತು. ನಿಮ್ಮ ಆದೇಶದಲ್ಲಿ ಅದು ಕಾಣದಿದ್ದರೆ ಅವತ್ತೇ ವಕೀಲರಿಗೆ ತೋರಿಸಿ. ಬಾಯಲ್ಲಿ ಹೇಳಿದ್ದು, ವಾದದಲ್ಲಿ ಬಂದದ್ದು ಮುಂದೆ ಕೈಹಿಡಿಯುವುದಿಲ್ಲ. ಹಾಗೇ, ಕೋರ್ಟಿಗೆ ಕೊಟ್ಟಿದ್ದ ಮೂಲ ಪಾಲುಪಟ್ಟಿಯನ್ನು ವಾಪಸ್ ಪಡೆಯಲೂ ಬೇರೆ ಅರ್ಜಿ ಹಾಕಬೇಕಾಯಿತು. ಹೊಸ ದಾವೆಗೆ ಅದೇ ಬೇಕಲ್ವಾ.

ಎರಡು ದಿನ ಬಿಟ್ಟು ತಮ್ಮ ಗಾಬರಿಯಿಂದ ಫೋನ್ ಮಾಡಿದ. ಇ-ಕೋರ್ಟ್ಸ್ ಆ್ಯಪ್‌ನಲ್ಲಿ ನಮ್ಮ ನಂಬರ್ ಹಾಕಿ ನೋಡಿದ್ದಾನೆ, ಕೇಸು ವಿಲೇವಾರಿಯಾಗಿದೆ ಅಂತ ಬಂದಿದೆ. ಹೌದು, ಹಾಗೇ ಬರುತ್ತದೆ. ಹಳೆಯ ದಾವೆಯ ಮಟ್ಟಿಗೆ ಅದು ನಿಜವೂ ಹೌದು.

ನನಗೆ ನಿದ್ದೆ ಕೆಡಿಸಿದ್ದು ಬೇರೆ ವಿಷಯ. ದಾವೆ ಹೋದ ಕ್ಷಣವೇ ತಾತ್ಕಾಲಿಕ ತಡೆಯಾಜ್ಞೆಯೂ ಹೋಯಿತು. ಹೊಸ ದಾವೆ ಹಾಕಿ ಹೊಸ ಆದೇಶ ಬರುವವರೆಗೆ ಆ ಜಾಗಕ್ಕೆ ಯಾವ ರಕ್ಷಣೆಯೂ ಇಲ್ಲ. ಇದನ್ನು ವಕೀಲರು ಮೊದಲೇ ಹೇಳಿದ್ದರು. ಮಳೆಗಾಲದಲ್ಲೇ ಮುಗಿಸೋಣ ಎಂದು ಅವಸರ ಮಾಡಿದ್ದೂ ಅದಕ್ಕೇ. ಆ ಕೆಸರಿನಲ್ಲಿ ಯಾರೂ ಮರ ಕಡಿಯಲು ಇಳಿಯುವುದಿಲ್ಲ, ಹಣ್ಣು ಇನ್ನೂ ಹಸಿರು. ಆದರೂ ದಿನಾ ಸಂಜೆ ಕೊಡೆ ಹಿಡಿದು ಬರೆಯ ತುದಿವರೆಗೆ ಹೋಗಿ ಸಿಲ್ವರ್ ಮರಗಳನ್ನು ಎಣಿಸಿ ಬರುತ್ತಿದ್ದೆ. ಹನ್ನೊಂದು. ಎಲ್ಲವೂ ಇದ್ದವು. ಅಷ್ಟರಲ್ಲಿ ಎದುರಿನವರು ಕೇವಿಯಟ್ ಹಾಕಿದ್ದರು. ಅದು 90 ದಿನ ಇರುತ್ತದೆ. ಅಂದರೆ ಈ ಸಲ ಅವರ ಮಾತು ಕೇಳದೆ ನಮಗೆ ಆದೇಶ ಸಿಗುವುದಿಲ್ಲ.

ಇನ್ನೊಂದು ಲೆಕ್ಕ ಕಾಲಮಿತಿಯದು. ಇದನ್ನು ತುಂಬಾ ಜನ ತಪ್ಪು ತಿಳಿದುಕೊಂಡಿದ್ದಾರೆ, ನಾನೂ ತಿಳಿದುಕೊಂಡಿದ್ದೆ. ಅನುಮತಿ ಸಿಕ್ಕಿತು ಅಂದರೆ ಹೊಸದಾಗಿ ಸಮಯ ಸಿಕ್ಕಿತು ಎಂದಲ್ಲ. ಆದೇಶ 23ರ ನಿಯಮ 2 ಹೇಳುವುದು, ಮೊದಲ ದಾವೆ ಹಾಕಿಯೇ ಇರಲಿಲ್ಲ ಅನ್ನುವ ಹಾಗೆ ಕಾಲಮಿತಿ ಎಣಿಸಬೇಕು ಎಂದು. ಕೋರ್ಟಿನಲ್ಲಿ ಕಳೆದ ಎರಡು ವರ್ಷವೂ ನಮಗಿದ್ದ ಕಾಲಮಿತಿಯಲ್ಲೇ ಖರ್ಚಾಯಿತು. ಅಧಿಕಾರ ವ್ಯಾಪ್ತಿ ಇಲ್ಲದ ಕೋರ್ಟಿನಲ್ಲಿ ಒಳ್ಳೆಯ ನಂಬಿಕೆಯಿಂದ ಕಳೆದ ಸಮಯಕ್ಕೆ ಕಾಲಮಿತಿ ಕಾಯ್ದೆಯ 14ನೇ ಕಲಂ ರಿಯಾಯಿತಿ ಕೊಡುತ್ತದೆ. ನಮ್ಮಂಥ ಕಾರಣಕ್ಕೆ ಅದನ್ನು ನಂಬಿ ಕೂರಬೇಡಿ ಎಂದರು ವಕೀಲರು. ಹಕ್ಕಿನ ಆಧಾರದ ಮೇಲೆ ಸ್ವಾಧೀನ ಕೇಳಲು 12 ವರ್ಷ ಇದೆ. ಘೋಷಣೆಗೆ 3 ವರ್ಷ. ಲಿಖಿತ ಹೇಳಿಕೆಯಲ್ಲಿ ಅವರು ನಮ್ಮ ಹಕ್ಕನ್ನು ಅಲ್ಲಗಳೆದದ್ದು 2022ರ ಶುರುವಿನಲ್ಲಿ. ಚಿಕ್ಕ ಲೆಕ್ಕದ ಒಳಗೇ ಇರೋಣ ಎಂದು ಸೆಪ್ಟೆಂಬರಿನಲ್ಲಿ ಹೊಸ ದಾವೆ ಹಾಕಿದೆವು.

ಕೋರ್ಟ್ ಶುಲ್ಕ ಮತ್ತೆ ಹೊಸದಾಗಿ ಕಟ್ಟಿದೆವು. ಸ್ವಾಧೀನ ಕೇಳುವ ದಾವೆಯಾದ್ದರಿಂದ ಈ ಸಲ ಜಾಗದ ಬೆಲೆಯ ಮೇಲೆ. ವಾದಪತ್ರದಲ್ಲಿ ಹಳೆಯ ದಾವೆಯ ನಂಬರ್, ಅನುಮತಿಯ ಆದೇಶ, ಖರ್ಚು ಕೊಟ್ಟದ್ದು, ಏನನ್ನೂ ಮುಚ್ಚಿಡದೆ ಬರೆದೆವು. ಷೆಡ್ಯೂಲ್ ಬರೆಯುವಾಗ ನಾನು ಪಕ್ಕದಲ್ಲೇ ಕೂತಿದ್ದೆ. ಎರಡನೇ ಹಿಸ್ಸಾ. ಪಶ್ಚಿಮಕ್ಕೆ "ನಕ್ಷೆಯಲ್ಲಿ ಗುರುತಿಸಿದ, 2018ರ ಆಗಸ್ಟ್‌ಗಿಂತ ಹಿಂದಿನ ತೋಡು". ಜೂನಿಯರ್ ಹುಡುಗ ಅದನ್ನು ಜೋರಾಗಿ ಓದಿದ. ನಾನು ನಕ್ಷೆಯ ಮೇಲೆ ಬೆರಳಿಟ್ಟು ತಾಳೆ ನೋಡಿದೆ.

ಎರಡೂ ಕಡೆ ಕೇಳಿದ ಮೇಲೆ ಕೋರ್ಟು ಯಥಾಸ್ಥಿತಿ ಕಾಪಾಡಿ ಎಂದಿತು. ಬೇಲಿ ತೆಗೆಯುವ ಹಾಗಿಲ್ಲ, ಮರ ಮುಟ್ಟುವ ಹಾಗಿಲ್ಲ, ಅವರೂ ಕೊಯ್ಯುವ ಹಾಗಿಲ್ಲ, ನಾವೂ ಕೊಯ್ಯುವ ಹಾಗಿಲ್ಲ. ಡಿಸೆಂಬರಿನಲ್ಲಿ ಉಳಿದ ತೋಟದ ಹಣ್ಣು ಕೊಯ್ದು ಕಣಕ್ಕೆ ಹಾಕಿದೆವು. ಆ ಹದಿನೆಂಟು ಸೆಂಟಿನಲ್ಲಿ ಹಣ್ಣು ಕೆಂಪಾಗಿ, ಕಪ್ಪಾಗಿ, ಗಿಡದಲ್ಲೇ ಒಣಗಿತು. ಅವ್ವ ಒಂದು ಸಲ ಬಂದು ಬೇಲಿಯ ಈಚೆ ನಿಂತು ನೋಡಿದಳು. ಬಾಂದುಕಲ್ಲು ಎಲ್ಲಿ ಅಂತ ಕೇಳಿದಳು. ತಂತಿಯ ಆಚೆ, ಕಾಫಿ ಗಿಡಗಳ ನಡುವೆ ಕೈ ತೋರಿಸಿದೆ. ಮುಂದಿನ ವಾಯಿದೆ ಯಾವಾಗ ಎಂದಳು. ಫೆಬ್ರವರಿ ಎರಡನೇ ವಾರ, ವಿವಾದಾಂಶ ರಚನೆಗೆ ಇಟ್ಟಿದ್ದಾರೆ ಎಂದೆ. "ನಾನೂ ಬರ್ತೇನೆ" ಎಂದಳು.